ಅಜ್ಞಾತ ಸಂಖ್ಯೆಯ ಲೆಕ್ಕ ತಪ್ಪಿದಾಗ: ತಪ್ಪು ಉತ್ತರದಿಂದಲೇ ತಪ್ಪಿನ ಜಾಗ ಹುಡುಕುವುದು

"ಒಂದು ಸಂಖ್ಯೆಯನ್ನು 4ರಿಂದ ಗುಣಿಸಿ, ಬಂದದ್ದಕ್ಕೆ 8 ಕೂಡಿಸಿದರೆ 60 ಆಗುತ್ತದೆ. ಆ ಸಂಖ್ಯೆ ಯಾವುದು?"

ಆರು, ಏಳನೇ ಕ್ಲಾಸಿನ ಮಕ್ಕಳಿಗೆ ಇಂಥ ಲೆಕ್ಕ ಹೊಸದಲ್ಲ. ಮಾಡುವ ಕ್ರಮವೂ ಗೊತ್ತು. ಕೊನೆಗೆ ಬಂದ 60ರಿಂದ ಶುರು ಮಾಡಿ ಹಿಂದಕ್ಕೆ ಹೋಗಬೇಕು. ಕೂಡಿಸಿದ್ದನ್ನು ಕಳೆಯಬೇಕು: 60 − 8 = 52. ಗುಣಿಸಿದ್ದಕ್ಕೆ ಭಾಗಿಸಬೇಕು: 52 ÷ 4 = 13. ಇದೇ ವಿಲೋಮ ಕ್ರಿಯೆ. ಆರ್ಯಭಟ 499ರಲ್ಲೇ ಒಂದು ಶ್ಲೋಕದಲ್ಲಿ ಇದನ್ನು ಹೇಳಿ ಮುಗಿಸಿದ್ದಾನೆ: ಗುಣಿಸಿದ್ದು ಭಾಗಿಸುವುದಾಗುತ್ತದೆ, ಭಾಗಿಸಿದ್ದು ಗುಣಿಸುವುದಾಗುತ್ತದೆ, ಕೂಡಿಸಿದ್ದು ಕಳೆಯುವುದಾಗುತ್ತದೆ, ಕಳೆದದ್ದು ಕೂಡಿಸುವುದಾಗುತ್ತದೆ.

ಇಷ್ಟು ಸುಲಭದ ಲೆಕ್ಕವನ್ನು ಒಂದು ತರಗತಿಗೆ ಕೊಟ್ಟು ನೋಡಿ. 13ರ ಜೊತೆಗೆ 17, 7, 12, 208, 248 ಕೂಡ ಬರುತ್ತವೆ. ಇವು ಸುಮ್ನೆ ಬಾಯಿಗೆ ಬಂದ ಸಂಖ್ಯೆಗಳಲ್ಲ. ಒಂದೊಂದಕ್ಕೂ ಒಂದೊಂದು ಕಾರಣ ಇದೆ, ಆ ಕಾರಣವನ್ನು ಉತ್ತರದಿಂದಲೇ ಪತ್ತೆ ಮಾಡಬಹುದು. ಮಕ್ಕಳಿಗೆ ಲೆಕ್ಕ ಹೇಳಿಕೊಡುವ ಅಪ್ಪ ಅಮ್ಮಂದಿರಿಗೆ, ಮನೆಪಾಠದವರಿಗೆ, ತಾವೇ ಕೂತು ಮಾಡುವ ಮಕ್ಕಳಿಗೆ ಈ ಬರಹ.

ತಪ್ಪು ಉತ್ತರವನ್ನು ಅಳಿಸಬೇಡಿ

ಉತ್ತರ ತಪ್ಪು ಅಂತ ಗೊತ್ತಾದ ಕೂಡಲೇ ರಬ್ಬರ್ ಕೈಗೆ ಬರುತ್ತದೆ. ಎಲ್ಲ ಅಳಿಸಿ ಮೊದಲಿನಿಂದ ಮಾಡುತ್ತಾರೆ. ಎರಡನೇ ಸಲವೂ ಅದೇ ತಲೆ, ಅದೇ ಓದು, ಅದೇ ತಪ್ಪು. ಅದರ ಬದಲು ಬಂದ ಉತ್ತರವನ್ನು ಹಾಗೇ ಇಟ್ಟುಕೊಳ್ಳಿ. ಅದೇ ನಿಜವಾದ ಸಂಖ್ಯೆ ಅಂದುಕೊಂಡು ಪ್ರಶ್ನೆಯನ್ನು ಮೇಲಿನಿಂದ ಕೆಳಕ್ಕೆ, ಹೇಳಿದ ಹಾಗೆಯೇ ಮಾಡಿ. ಶಾಲೆಯಲ್ಲಿ ಇದಕ್ಕೆ ತಾಳೆ ನೋಡುವುದು ಅನ್ನುತ್ತಾರೆ. ಸಾಮಾನ್ಯವಾಗಿ ತಾಳೆ ನೋಡುವುದು ಸರಿಯೋ ತಪ್ಪೋ ಅಂತ ತಿಳಿಯಲು ಮಾತ್ರ. ನಮಗೆ ಬೇಕಾದದ್ದು ಇನ್ನೂ ಒಂದು: ಎಷ್ಟು ತಪ್ಪು, ಯಾವ ಕಡೆಗೆ ತಪ್ಪು.

17 ಬಂದಿದೆ ಅಂದುಕೊಳ್ಳಿ. 17 × 4 = 68, 68 + 8 = 76. ಬರಬೇಕಾದದ್ದು 60. ಅಂದರೆ 16 ಜಾಸ್ತಿ. ಲೆಕ್ಕದಲ್ಲಿ 16 ಎಲ್ಲೂ ಇಲ್ಲ, ಆದರೆ 8 ಇದೆ, ಅದರ ಎರಡರಷ್ಟು 16. ವ್ಯತ್ಯಾಸ ಹೀಗೆ ಕೂಡಿಸಿದ ಸಂಖ್ಯೆಯ ಎರಡರಷ್ಟು ಬಂದರೆ ಮಗು 8 ಕಳೆಯುವ ಬದಲು ಕೂಡಿಸಿದೆ ಅಂತ ಅರ್ಥ. 60 + 8 = 68, 68 ÷ 4 = 17. ಗುಣಾಕಾರವನ್ನು ತಿರುಗಿಸಿದೆ, ಕೂಡುವುದನ್ನು ತಿರುಗಿಸಿಲ್ಲ.

7 ಬಂದಿದ್ದರೆ? 7 × 4 = 28, 28 + 8 = 36. ಈಗ 24 ಕಮ್ಮಿ. 24 ಅಂದರೆ 8ರ ಮೂರರಷ್ಟು. ಇಲ್ಲಿ ಎರಡೂ ಕ್ರಿಯೆ ಸರಿಯಾಗಿ ತಿರುಗಿವೆ, ಆದರೆ ಕ್ರಮ ತಪ್ಪಿದೆ. ಮೊದಲು ಭಾಗಿಸಿ (60 ÷ 4 = 15) ಆಮೇಲೆ 8 ಕಳೆದಿದ್ದಾರೆ. ಭಾಗಿಸಿದ ಮೇಲೆ ಕಳೆದ 8 ತಾಳೆ ನೋಡುವಾಗ ನಾಲ್ಕು ಪಟ್ಟಾಗಿ 32 ಆಗುತ್ತದೆ. ಕಳೆಯಬೇಕಾಗಿದ್ದದ್ದು 8 ಮಾತ್ರ. ಉಳಿದ 24 ಹೆಚ್ಚಿಗೆ ಹೋಯಿತು. ಈ 7 ನೋಡಲು ಎಷ್ಟು ಅಚ್ಚುಕಟ್ಟಾಗಿದೆ ನೋಡಿ. ಭಿನ್ನರಾಶಿ ಬಂದಿದ್ದರೆ ಮಗುವಿಗೆ ಅನುಮಾನ ಬರುತ್ತಿತ್ತು. ಪೂರ್ಣಸಂಖ್ಯೆ ಬಂದದ್ದರಿಂದ ಸರಿ ಅಂತಲೇ ಮುಂದೆ ಹೋಗುತ್ತದೆ.

12 ಬಂದಿದ್ದರೆ ತಾಳೆಯಲ್ಲಿ 56 ಬರುತ್ತದೆ, 4 ಕಮ್ಮಿ. ವ್ಯತ್ಯಾಸ ಗುಣಕದಷ್ಟೇ, ಅಥವಾ ಅದರ ಎರಡರಷ್ಟು, ಮೂರರಷ್ಟು ಇದ್ದರೆ ಮೊದಲು ಮಗ್ಗಿಯನ್ನು ಅನುಮಾನಿಸಿ. ಇಲ್ಲಿ 52 ÷ 4 ಮಾಡುವಾಗ ಎಡವಿದ್ದಾರೆ. ವಿಧಾನ ಸರಿಯಾಗಿದೆ, ಬೈಯುವ ಅಗತ್ಯ ಇಲ್ಲ. ಎರಡು ಕಾರಣಗಳಿಗೂ ಹೊಂದುವ ವ್ಯತ್ಯಾಸ ಕೆಲವೊಮ್ಮೆ ಬರುತ್ತದೆ (ಮೇಲಿನ 16, 24 ಕೂಡ 4ರ ಮಗ್ಗಿಯಲ್ಲಿವೆ). ಆಗ ಮಗುವಿನ ರಫ್ ಹಾಳೆ ನೋಡಿದರೆ ಗೊತ್ತಾಗುತ್ತದೆ. ಅದಕ್ಕೇ ಅಳಿಸಬೇಡಿ ಅಂದದ್ದು.

208 ಮತ್ತು 248ಕ್ಕೆ ತಾಳೆಯೂ ಬೇಡ. ಒಂದು ಸಂಖ್ಯೆಯನ್ನು ದೊಡ್ಡದು ಮಾಡಿ, ಇನ್ನಷ್ಟು ಕೂಡಿಸಿ 60 ಬಂದಿದೆ. ಹಾಗಿದ್ದರೆ ಅದು 60ಕ್ಕಿಂತ ಚಿಕ್ಕದೇ ಇರಬೇಕು ಅಲ್ವಾ? 208 ಬಂದದ್ದು (60 − 8) × 4 ಮಾಡಿದ್ದರಿಂದ. 248 ಬಂದದ್ದು ಏನನ್ನೂ ತಿರುಗಿಸದೆ 60ನ್ನೇ ಪ್ರಶ್ನೆಯಲ್ಲಿ ಹಾಕಿದ್ದರಿಂದ: 60 × 4 + 8. ಎರಡನೆಯದು ಮಾಡಿದ ಮಗುವಿಗೆ ಪ್ರಶ್ನೆಯಲ್ಲಿ ಯಾವುದು ಗೊತ್ತು, ಯಾವುದು ಗೊತ್ತಿಲ್ಲ ಅನ್ನುವುದೇ ಸ್ಪಷ್ಟವಾಗಿಲ್ಲ. ಅಲ್ಲಿ ವಿಲೋಮ ಕ್ರಿಯೆ ಮತ್ತೆ ಹೇಳಿಕೊಟ್ಟು ಉಪಯೋಗ ಇಲ್ಲ. "60 ಅನ್ನುವುದು ಶುರುವಿನಲ್ಲಿದ್ದದ್ದೋ, ಕೊನೆಗೆ ಬಂದದ್ದೋ?" ಅಂತ ಒಂದೇ ಪ್ರಶ್ನೆ ಕೇಳಿ.

ಕ್ರಮ ತಪ್ಪುವುದು

ಬೆಂಗಳೂರಿನಿಂದ ಮೈಸೂರಿಗೆ ಹೋಗುವಾಗ ರಾಮನಗರ, ಚನ್ನಪಟ್ಟಣ, ಮದ್ದೂರು, ಮಂಡ್ಯ ಬರುತ್ತವೆ. ವಾಪಸ್ ಬರುವಾಗ ಈ ನಾಲ್ಕರಲ್ಲಿ ಮೊದಲು ಸಿಗುವುದು ಮಂಡ್ಯ. ಇದನ್ನು ಯಾವ ಮಗುವಿಗೂ ವಿವರಿಸಬೇಕಿಲ್ಲ. ಆದರೂ ಲೆಕ್ಕದಲ್ಲಿ ಕ್ರಮ ತಪ್ಪುತ್ತದೆ, ಏಕೆಂದರೆ ಬಾಡ್‌ಮಾಸ್ ಅಡ್ಡ ಬರುತ್ತದೆ. "ಗುಣಾಕಾರ ಭಾಗಾಕಾರ ಮೊದಲು, ಕೂಡುವುದು ಕಳೆಯುವುದು ಆಮೇಲೆ" ಅಂತ ಬಾಯಿಪಾಠ ಆಗಿರುತ್ತದೆ. ಅದು ಮುಂದಕ್ಕೆ ಹೋಗುವಾಗಿನ ನಿಯಮ. 4 × 13 + 8ರಲ್ಲಿ ಗುಣಿಸುವುದು ಮೊದಲು ಆಗಿದೆ, ಹಾಗಾಗಿ ಹಿಂದಕ್ಕೆ ಬರುವಾಗ ಅದು ಕೊನೆಗೆ ಬಿಚ್ಚಬೇಕು.

ಥರ್ಮಾಮೀಟರ್ ಇದಕ್ಕೆ ಒಳ್ಳೆಯ ಪರೀಕ್ಷೆ. ಸೆಲ್ಸಿಯಸ್‌ನಿಂದ ಫ್ಯಾರನ್‌ಹೀಟ್‌ಗೆ ಹೋಗಲು 9ರಿಂದ ಗುಣಿಸಿ, 5ರಿಂದ ಭಾಗಿಸಿ, 32 ಕೂಡಿಸುತ್ತೇವೆ. ಜ್ವರ ಇಲ್ಲದವರ ಮೈಬಿಸಿ 98.6 ಡಿಗ್ರಿ ಫ್ಯಾರನ್‌ಹೀಟ್. ಸೆಲ್ಸಿಯಸ್‌ನಲ್ಲಿ ಎಷ್ಟು? ಮೊದಲು 32 ಕಳೆಯಿರಿ, 66.6. ಆಮೇಲೆ 5ರಿಂದ ಗುಣಿಸಿ 9ರಿಂದ ಭಾಗಿಸಿ, 37. ಕ್ರಮ ತಪ್ಪಿಸಿ ಮೊದಲು 5ರಿಂದ ಗುಣಿಸಿ 9ರಿಂದ ಭಾಗಿಸಿ, ಆಮೇಲೆ 32 ಕಳೆದರೆ ಸುಮಾರು 22.8 ಬರುತ್ತದೆ. ಅಷ್ಟು ತಣ್ಣಗಿರುವವರು ಥರ್ಮಾಮೀಟರ್ ಹಿಡಿದು ಕೂತಿರುವುದಿಲ್ಲ.

ಪರಿಹಾರ ಸುಲಭ, ಅದರಲ್ಲೂ ಕನ್ನಡದಲ್ಲಿ ಓದುವವರಿಗೆ. ನಮ್ಮ ವಾಕ್ಯದಲ್ಲಿ ಕ್ರಿಯಾಪದಗಳು ಬಹುತೇಕ ನಡೆದ ಕ್ರಮದಲ್ಲೇ ಸಾಲಾಗಿ ಬರುತ್ತವೆ: "ಗುಣಿಸಿ, ಕೂಡಿಸಿ, ಭಾಗಿಸಿದರೆ". ಪೆನ್ಸಿಲ್‌ನಲ್ಲಿ ಆ ಪದಗಳ ಕೆಳಗೆ ಗೆರೆ ಎಳೆದು 1, 2, 3 ಅಂತ ಬರೆಯಿರಿ. ಹಿಂದಕ್ಕೆ ಹೋಗುವಾಗ 3ರಿಂದ ಶುರು. ಒಂದೇ ಎಚ್ಚರಿಕೆ: "ಒಂದು ಸಂಖ್ಯೆಯ ಮೂರರಷ್ಟಕ್ಕೆ 5 ಕೂಡಿಸಿದರೆ" ಅನ್ನುವಲ್ಲಿ ಗುಣಿಸು ಅನ್ನುವ ಪದವೇ ಇಲ್ಲ. "ಮೂರರಷ್ಟು", "ಅರ್ಧ", "ಕಾಲು ಭಾಗ" ಇವೂ ಕ್ರಿಯೆಗಳೇ. ಇವುಗಳ ಕೆಳಗೂ ಗೆರೆ ಬೀಳಬೇಕು.

"ರಿಂದ" ಎಲ್ಲಿದೆ ನೋಡಿ

ಕನ್ನಡದ ಲೆಕ್ಕಗಳಲ್ಲಿ ನನಗೆ ಅತಿ ಜಾಸ್ತಿ ಕಾಣುವ ತೊಡಕು ಇದು. ಇಂಗ್ಲಿಷ್ ಪುಸ್ತಕಗಳ ಸಲಹೆಗಳಲ್ಲಿ ಇದಕ್ಕೆ ಮದ್ದಿಲ್ಲ, ಯಾಕೆಂದರೆ ತೊಂದರೆ ನಮ್ಮ ವಿಭಕ್ತಿಯಲ್ಲಿದೆ. ಈ ಎರಡನ್ನೂ ಓದಿ:

ಒಂದು ಸಂಖ್ಯೆಯಿಂದ 18 ಕಳೆದರೆ 50 ಉಳಿಯುತ್ತದೆ.
50ರಿಂದ ಒಂದು ಸಂಖ್ಯೆಯನ್ನು ಕಳೆದರೆ 18 ಉಳಿಯುತ್ತದೆ.

ಎರಡರಲ್ಲೂ ಇರುವುದು 50, 18, ಕಳೆ. ಆತುರದಲ್ಲಿ ಓದಿದ ಮಗು ಎರಡಕ್ಕೂ "ಕಳೆದಿದ್ದಾರೆ, ಹಾಗಾದರೆ ಕೂಡಿಸು" ಅಂದುಕೊಂಡು 68 ಬರೆಯುತ್ತದೆ. ಮೊದಲನೆಯದಕ್ಕೆ 68 ಸರಿ. ಎರಡನೆಯದಕ್ಕೆ ಉತ್ತರ 32.

ಈಗ ಭಾಗಾಕಾರ ನೋಡಿ. "ಒಂದು ಸಂಖ್ಯೆಯನ್ನು 72ರಿಂದ ಭಾಗಿಸಿದರೆ 8" ಅಂದರೆ ಆ ಸಂಖ್ಯೆ 576. "72ನ್ನು ಒಂದು ಸಂಖ್ಯೆಯಿಂದ ಭಾಗಿಸಿದರೆ 8" ಅಂದರೆ 9. ಕಳೆಯುವಾಗ "ರಿಂದ" ಹತ್ತಿರುವ ಸಂಖ್ಯೆಯನ್ನು ಚಿಹ್ನೆಯ ಮುಂಚೆ ಬರೆಯುತ್ತೇವೆ: 50 − ಏನೋ ಒಂದು. ಭಾಗಿಸುವಾಗ "ರಿಂದ" ಹತ್ತಿರುವ ಸಂಖ್ಯೆ ಚಿಹ್ನೆಯ ಆಚೆ ಹೋಗುತ್ತದೆ: ಏನೋ ಒಂದು ÷ 72. ಒಂದೇ ಪ್ರತ್ಯಯ, ಕೂರುವ ಜಾಗ ಬೇರೆ. ಕಳೆಯುವುದನ್ನು ಚೆನ್ನಾಗಿ ಕಲಿತ ಮಗು ಅದೇ ಅಭ್ಯಾಸವನ್ನು ಭಾಗಾಕಾರಕ್ಕೂ ತರುತ್ತದೆ. ಅದರ ತಪ್ಪೇನೂ ಇಲ್ಲ.

ಮನೆಯಲ್ಲಿ ಮಾತಾಡುವ ಹಾಗೆ ವಾಕ್ಯ ಬದಲಿಸಿದರೆ ಗೊಂದಲ ಹೋಗುತ್ತದೆ. ಕಳೆಯುವ ಲೆಕ್ಕದಲ್ಲಿ "ರಿಂದ" ಬದಲು "ರಲ್ಲಿ" ಹಾಕಿ: "50ರಲ್ಲಿ ಒಂದು ಸಂಖ್ಯೆ ಕಳೆದರೆ 18". ಅಂಗಡಿಯಲ್ಲಿ ನಾವು ಹೇಳುವುದೂ ಹಾಗೆಯೇ. ಭಾಗಾಕಾರವನ್ನು ಹಂಚುವುದಕ್ಕೆ ಬದಲಿಸಿ: "72 ಚಾಕೊಲೇಟ್‌ಗಳನ್ನು ಎಷ್ಟೋ ಜನಕ್ಕೆ ಹಂಚಿದರೆ ತಲಾ 8 ಬಂತು". ಹೀಗೆ ಬದಲಿಸಿ ಹೇಳಲು ಮಗುವಿಗೆ ಆಗದಿದ್ದರೆ ಲೆಕ್ಕ ಅರ್ಥವಾಗಿಲ್ಲ ಅಂತಲೇ. ಅಲ್ಲಿಂದ ಮುಂದೆ ಹೋಗಬೇಡಿ.

ಇಲ್ಲಿ ಇನ್ನೊಂದು ಪ್ರಶ್ನೆ ಬರುತ್ತದೆ, ಚುರುಕಾದ ಮಕ್ಕಳು ಕೇಳಿಯೇ ಕೇಳುತ್ತಾರೆ. ಕಳೆಯುವುದಕ್ಕೆ ವಿಲೋಮ ಕೂಡುವುದು ಅಂತ ಹೇಳಿಕೊಟ್ಟಿರಿ. 50 − ಅ = 18 ಅನ್ನುವಲ್ಲಿ ಮತ್ತೆ ಕಳೆಯುವುದು ಯಾಕೆ? (ಪುಸ್ತಕದ ಎಕ್ಸ್ ಬದಲು ಅಜ್ಞಾತಕ್ಕೆ ಅ ಅಂತ ಇಟ್ಟುಕೊಂಡಿದ್ದೇನೆ.) ಕಾರಣ ಇದು. "18 ಕಳೆ" ಮತ್ತು "50ರಲ್ಲಿ ಕಳೆ" ಬೇರೆ ಬೇರೆ ಕ್ರಿಯೆಗಳು. ಮೊದಲನೆಯದನ್ನು ಬಿಚ್ಚಲು 18 ಕೂಡಿಸಬೇಕು. ಎರಡನೆಯದನ್ನು ಬಿಚ್ಚಲು ಅದನ್ನೇ ಇನ್ನೊಂದು ಸಲ ಮಾಡಬೇಕು. 32ನ್ನು 50ರಲ್ಲಿ ಕಳೆದರೆ 18. 18ನ್ನು 50ರಲ್ಲಿ ಕಳೆದರೆ ಮತ್ತೆ 32. "72ನ್ನು ಇದರಿಂದ ಭಾಗಿಸು" ಅನ್ನುವುದೂ ಹೀಗೆಯೇ: 9ರಿಂದ 8, 8ರಿಂದ 9. ಅಜ್ಞಾತ ಸಂಖ್ಯೆ ಚಿಹ್ನೆಯ ಬಲಕ್ಕೆ ಕೂತಿದ್ದರೆ ಈ ನಿಯಮ.

ಎರಡು ಹಂತದ ಲೆಕ್ಕದಲ್ಲೂ ಇದು ನಡೆಯುತ್ತದೆ. "100ರಲ್ಲಿ ಒಂದು ಸಂಖ್ಯೆಯ ಮೂರರಷ್ಟನ್ನು ಕಳೆದರೆ 37." ಹಿಂದಕ್ಕೆ: 100 − 37 = 63, 63 ÷ 3 = 21. ನಿಯಮ ಮರೆತು 37 + 100 ಮಾಡಿದರೆ 137 ಬರುತ್ತದೆ, ಅದು 3ರಿಂದ ಸರಿಯಾಗಿ ಭಾಗವಾಗುವುದಿಲ್ಲ. ಇಂಥ ಕಡೆ ಶೇಷ ಉಳಿದರೆ ಮೊದಲು "ರಿಂದ" ಎಲ್ಲಿತ್ತು ಅಂತ ನೋಡಿ.

"ಜಾಸ್ತಿ" ಕಂಡರೆ ಕೂಡಿಸುವ ಚಾಳಿ

ಅಕ್ಕನ ಹತ್ತಿರ ತಂಗಿಗಿಂತ 8 ರೂಪಾಯಿ ಜಾಸ್ತಿ ಇದೆ. ಅಕ್ಕನ ಹತ್ತಿರ 35 ರೂಪಾಯಿ ಇದೆ. ತಂಗಿಯ ಹತ್ತಿರ ಎಷ್ಟು? 43 ಬಂದರೆ "ಜಾಸ್ತಿ" ಅನ್ನುವ ಪದ ನೋಡಿ ಕೂಡಿಸಿದ್ದಾರೆ. ಉತ್ತರ 27. ತಾಳೆ ಬೇಡ, "ಯಾರ ಹತ್ತಿರ ಜಾಸ್ತಿ ಇದೆ?" ಅಂತ ಕೇಳಿದರೆ ಸಾಕು. ಕೆಲವು ಗೈಡ್‌ಗಳಲ್ಲಿ "ಹೆಚ್ಚು, ಒಟ್ಟು, ಸೇರಿ ಅಂದರೆ ಕೂಡು, ಕಡಿಮೆ, ಉಳಿದ ಅಂದರೆ ಕಳೆ" ಅಂತ ಪಟ್ಟಿ ಕೊಟ್ಟಿರುತ್ತಾರೆ. ಅಜ್ಞಾತ ಸಂಖ್ಯೆಯ ಲೆಕ್ಕಕ್ಕೆ ಬಂದ ಮೇಲೆ ಆ ಪಟ್ಟಿಯನ್ನು ಗೋಡೆಯಿಂದ ಕಿತ್ತು ಹಾಕುವುದು ಒಳ್ಳೆಯದು. ಇಲ್ಲಿ ಪ್ರಶ್ನೆ ಹೇಳುವ ಕ್ರಿಯೆ ಒಂದು, ನಾವು ಮಾಡುವ ಕ್ರಿಯೆ ಇನ್ನೊಂದು.

"ಮೂರು ಪಟ್ಟು ಜಾಸ್ತಿ" ಅಂತ ಬರೆಯುವವರ ಬಗ್ಗೆ ನನಗೆ ಸಿಟ್ಟಿದೆ. ಅದು ಮೂರರಷ್ಟೋ, ಇದ್ದದ್ದರ ಜೊತೆಗೆ ಇನ್ನೂ ಮೂರರಷ್ಟು ಸೇರಿ ನಾಲ್ಕರಷ್ಟೋ? ಪ್ರಶ್ನೆ ಬರೆಯುವವರು "ಮೂರರಷ್ಟು" ಅಂತ ಬರೆದುಬಿಟ್ಟರೆ ಮಕ್ಕಳ ಅರ್ಧ ಗೋಳು ಕಮ್ಮಿ.

ತನ್ನದೇ ಒಂದು ಭಾಗ ಸೇರಿದಾಗ

ದೊಡ್ಡವರೂ ಬೀಳುವ ಹಳ್ಳ ಇದು. ಒಂದು ವಸ್ತುವಿಗೆ 18 ಶೇಕಡಾ ಜಿಎಸ್‌ಟಿ ಸೇರಿ 1180 ರೂಪಾಯಿ ಆಗಿದೆ. ತೆರಿಗೆ ಇಲ್ಲದೆ ಬೆಲೆ ಎಷ್ಟು?

18 ಶೇಕಡಾ ಸೇರಿಸಿದ್ದಾರೆ, ಹಾಗಾಗಿ 18 ಶೇಕಡಾ ಕಳೆಯಬೇಕು ಅಂತ ತಲೆ ಓಡುತ್ತದೆ. 1180ರ 18 ಶೇಕಡಾ 212.40. ಕಳೆದರೆ 967.60. ತಾಳೆ ನೋಡಿ: 967.60ಕ್ಕೆ 18 ಶೇಕಡಾ ಸೇರಿಸಿದರೆ 1141.77 ಬರುತ್ತದೆ, 1180 ಬರುವುದಿಲ್ಲ. ಸುಮಾರು 38 ರೂಪಾಯಿ ಕಮ್ಮಿ.

ಕಾರಣ ಗೊತ್ತಾಗಲು ಒಂದು ಪ್ರಶ್ನೆ ಸಾಕು: ಯಾವುದರ 18 ಶೇಕಡಾ? ಸೇರಿಸುವಾಗ ಅದು ಮೂಲ ಬೆಲೆಯ 18 ಶೇಕಡಾ ಆಗಿತ್ತು. ಕಳೆಯುವಾಗ ನಾವು ತೆಗೆದದ್ದು ತೆರಿಗೆ ಸೇರಿದ ಬೆಲೆಯ 18 ಶೇಕಡಾ. ಆಧಾರವೇ ಬದಲಾಗಿದೆ. 100 ಪಾಲಿಗೆ 18 ಪಾಲು ಸೇರಿ 118 ಪಾಲು ಆಗಿದೆ. ವಾಪಸ್ ಬರಲು 118ರಲ್ಲಿ 18 ಪಾಲು ತೆಗೆಯಬೇಕು. 1180ನ್ನು 118ರಿಂದ ಭಾಗಿಸಿ 18ರಿಂದ ಗುಣಿಸಿದರೆ 180. ಮೂಲ ಬೆಲೆ 1000.

ಎರಡನೇ ಭಾಸ್ಕರಾಚಾರ್ಯ 1150ರ ಸುಮಾರಿಗೆ ಬರೆದ ಲೀಲಾವತಿಯಲ್ಲಿ ಈ ಹಳ್ಳಕ್ಕೆಂದೇ ಒಂದು ಶ್ಲೋಕ ಇದೆ. ಸಂಖ್ಯೆಗೆ ಅದರದೇ ಭಾಗ ಸೇರಿದ್ದರೆ ಛೇದಕ್ಕೆ ಅಂಶವನ್ನು ಕೂಡಿಸು, ಭಾಗ ಕಳೆದಿದ್ದರೆ ಛೇದದಲ್ಲಿ ಅಂಶವನ್ನು ಕಳೆ, ಅಂಶ ಮಾತ್ರ ಹಾಗೇ ಇರಲಿ ಅನ್ನುತ್ತಾನೆ. ನೂರರಲ್ಲಿ ಹದಿನೆಂಟು ಸೇರಿದ್ದನ್ನು ನೂರಹದಿನೆಂಟರಲ್ಲಿ ಹದಿನೆಂಟಾಗಿ ಕಳೆದದ್ದು ಇದೇ ನಿಯಮ. ನಾಲ್ಕರಲ್ಲಿ ಒಂದು ಪಾಲು ಸೇರಿದ್ದರೆ ಐದರಲ್ಲಿ ಒಂದು ಪಾಲು ಕಳೆಯಬೇಕು. ಮೂರರಲ್ಲಿ ಒಂದು ಪಾಲು ಕಳೆದಿದ್ದರೆ ಉಳಿದದ್ದರ ಅರ್ಧ ಸೇರಿಸಬೇಕು.

ಅದೇ ಪುಸ್ತಕದಲ್ಲಿ ಈ ನಿಯಮ ಅರ್ಥವಾಗಿದೆಯೋ ಇಲ್ಲವೋ ಅಂತ ಜಾಲಾಡಿಸುವ ಒಂದು ಲೆಕ್ಕವೂ ಇದೆ. ಒಂದು ಸಂಖ್ಯೆಯನ್ನು 3ರಿಂದ ಗುಣಿಸಿ, ಬಂದದ್ದಕ್ಕೆ ಅದರದೇ ಮುಕ್ಕಾಲು ಸೇರಿಸಿ, 7ರಿಂದ ಭಾಗಿಸಿ, ಅದರಲ್ಲಿ ಅದರದೇ ಮೂರನೇ ಒಂದು ಭಾಗ ಕಳೆದು, ವರ್ಗ ಮಾಡಿ, 52 ಕಳೆದು, ವರ್ಗಮೂಲ ತೆಗೆದು, 8 ಕೂಡಿಸಿ, 10ರಿಂದ ಭಾಗಿಸಿದರೆ 2 ಬರುತ್ತದೆ. ಹಿಂದಕ್ಕೆ ಹೋಗಿ. 2 × 10 = 20. 20 − 8 = 12. 12ರ ವರ್ಗ 144. 144 + 52 = 196. ವರ್ಗಮೂಲ 14. ಇಲ್ಲಿ ನಿಧಾನ: ಮೂರನೇ ಒಂದು ಭಾಗ ಕಳೆದದ್ದರಿಂದ ಅರ್ಧ ಸೇರಿಸಬೇಕು, 14 + 7 = 21. 21 × 7 = 147. ಮತ್ತೆ ನಿಧಾನ: ನಾಲ್ಕರಲ್ಲಿ ಮೂರು ಪಾಲು ಸೇರಿಸಿದ್ದರಿಂದ ಏಳರಲ್ಲಿ ಮೂರು ಪಾಲು ಕಳೆಯಬೇಕು, 147 − 63 = 84. 84 ÷ 3 = 28.

ಎಲ್ಲಿ ಎಡವುತ್ತಾರೆ ಅಂತ ನೋಡಲು ಇದಕ್ಕಿಂತ ಒಳ್ಳೆಯ ಲೆಕ್ಕ ನನಗೆ ಗೊತ್ತಿಲ್ಲ. 14ರವರೆಗೆ ಸಲೀಸಾಗಿ ಬಂದು ಅಲ್ಲಿ ಭಿನ್ನರಾಶಿ ಬಂದರೆ 14ರ ಮೂರನೇ ಒಂದು ಭಾಗ ತೆಗೆಯಲು ಹೋಗಿದ್ದಾರೆ. ಇನ್ನೊಂದು ವಿಷಯ, ಹೈಸ್ಕೂಲಿನವರಿಗೆ: 196ಕ್ಕೆ 14 ಮಾತ್ರ ಅಲ್ಲ, −14 ಕೂಡ ವರ್ಗಮೂಲ. ಅದನ್ನು ಹಿಡಿದು ಹಿಂದಕ್ಕೆ ಹೋದರೆ −28 ಬರುತ್ತದೆ, ತಾಳೆಯೂ ಸರಿಹೋಗುತ್ತದೆ. ವರ್ಗ ಮಾಡಿದ್ದನ್ನು ಬಿಚ್ಚುವಾಗ ದಾರಿ ಎರಡಾಗಬಹುದು. ಸೊನ್ನೆಯಿಂದ ಗುಣಿಸಿದ್ದರಂತೂ ಬಿಚ್ಚಲು ದಾರಿಯೇ ಇಲ್ಲ, ಯಾವ ಸಂಖ್ಯೆ ಹಾಕಿದರೂ ಸೊನ್ನೆಯೇ.

ಖರ್ಚಿನ ಲೆಕ್ಕಗಳೂ ಇದೇ ಜಾತಿ. "ಹಣದ ಮೂರನೇ ಒಂದು ಭಾಗ ಖರ್ಚಾಯಿತು, ಆಮೇಲೆ 50 ರೂಪಾಯಿ ಖರ್ಚಾಯಿತು, 150 ಉಳಿಯಿತು." 150 + 50 = 200ರವರೆಗೆ ಎಲ್ಲರೂ ಸರಿ. ಆಮೇಲೆ 200 × 3 = 600 ಮಾಡುತ್ತಾರೆ. 200 ಅನ್ನುವುದು ಖರ್ಚಾದ ಭಾಗ ಅಲ್ಲ, ಉಳಿದ ಎರಡು ಪಾಲು. ಒಂದು ಪಾಲು 100, ಒಟ್ಟು 300.

ಸಮ ಚಿಹ್ನೆಯ ರೈಲು

ಉತ್ತರ ಸರಿ, ಆದರೂ ಮೇಷ್ಟ್ರು ಅಂಕ ಕತ್ತರಿಸಿದ್ದಾರೆ ಅಂತ ಮಗು ಅಳುತ್ತಾ ಬಂದರೆ ನೋಟ್‌ಬುಕ್ಕಿನಲ್ಲಿ ಹೀಗೆ ಇರುತ್ತದೆ: 60 − 8 = 52 ÷ 4 = 13. ಓದಿದರೆ 60 − 8 ಅಂದರೆ 13 ಅಂತಾಯಿತು. ಮೇಷ್ಟ್ರು ಕತ್ತರಿಸಿದ್ದು ನ್ಯಾಯವೇ. ಒಂದು ಹಂತಕ್ಕೆ ಒಂದು ಸಾಲು ಬರೆಯುವ ಅಭ್ಯಾಸ ಮಾಡಿಸಿ. ಹಂತಗಳು ಜಾಸ್ತಿಯಾದಾಗ ಇದರ ಬೆಲೆ ಗೊತ್ತಾಗುತ್ತದೆ.

ಅಜ್ಜಿಯರು ಕೇಳುವ ಹೂವಿನ ಒಗಟು ಗೊತ್ತಿರಬಹುದು. ಒಬ್ಬ ಕೆರೆಯಲ್ಲಿ ಹೂಗಳನ್ನು ಅದ್ದಿದರೆ ಅವು ಎರಡರಷ್ಟಾಗುತ್ತವೆ. ಅದ್ದಿ, ಒಂದು ಗುಡಿಯಲ್ಲಿ 8 ಹೂ ಏರಿಸುತ್ತಾನೆ. ಹೀಗೆ ಮೂರು ಗುಡಿ. ಕೊನೆಗೆ ಕೈಯಲ್ಲಿ ಒಂದೂ ಇಲ್ಲ. ತಂದದ್ದೆಷ್ಟು? ಹಿಂದಕ್ಕೆ: 0 + 8 = 8, ಅರ್ಧ 4. 4 + 8 = 12, ಅರ್ಧ 6. 6 + 8 = 14, ಅರ್ಧ 7. ಇಲ್ಲಿ 6 ಉತ್ತರ ಬಂದರೆ ಎರಡೇ ಗುಡಿಗೆ ನಿಂತಿದ್ದಾರೆ. ಉತ್ತರ 14 ಬಂದರೆ ಅರ್ಧ ಮಾಡುವುದನ್ನು ಮೊದಲು ಮಾಡಿ ಆಮೇಲೆ 8 ಕೂಡಿಸಿದ್ದ ಸಾಧ್ಯತೆ ಇದೆ: 0ರ ಅರ್ಧ 0, 0 + 8 = 8; 8ರ ಅರ್ಧ 4, 4 + 8 = 12; 12ರ ಅರ್ಧ 6, 6 + 8 = 14. ಉತ್ತರ 20 ಬಂದರೆ ತಪ್ಪು ಬೇರೆ ಕಡೆ ಇದೆ. 0 + 8 = 8, ಅರ್ಧ 4, ಆಮೇಲೆ ಅರ್ಧ ಮಾಡುವುದನ್ನು ಮರೆತು ಎರಡು ಸಲ 8 ಕೂಡಿಸಿದ್ದಾರೆ: 4 + 8 + 8 = 20. ಸಾಲು ಸಾಲಾಗಿ ಬರೆದಿದ್ದರೆ ಇದೆಲ್ಲ ಊಹಿಸುವ ಕಷ್ಟ ಇರುವುದಿಲ್ಲ.

ಹಿಂದಕ್ಕೆ ಹೋಗಲು ದಾರಿಯೇ ಕಾಣದಿದ್ದರೆ

ತಂದೆಯ ವಯಸ್ಸು ಮಗಳ ವಯಸ್ಸಿನ ನಾಲ್ಕರಷ್ಟು. ಇಬ್ಬರದೂ ಸೇರಿ 50. ಮಗಳ ವಯಸ್ಸೆಷ್ಟು? 50ರಲ್ಲಿ ಏನು ಕಳೆಯುವುದು? ಕಳೆಯಬೇಕಾದ ಮಗಳ ವಯಸ್ಸೇ ಗೊತ್ತಿಲ್ಲ. ಮಗು ಇಲ್ಲಿ ಪೆನ್ಸಿಲ್ ಕಚ್ಚುತ್ತಾ ಕೂರುತ್ತದೆ, ಅಥವಾ 50 ÷ 4 ಮಾಡಿ 12.5 ಬರೆಯುತ್ತದೆ.

ಅಜ್ಞಾತ ಸಂಖ್ಯೆ ಲೆಕ್ಕದಲ್ಲಿ ಎರಡು ಕಡೆ ಇದ್ದರೆ ವಿಲೋಮ ಕ್ರಿಯೆ ನೇರವಾಗಿ ನಡೆಯುವುದಿಲ್ಲ. ಮೊದಲು ಎರಡನ್ನೂ ಸೇರಿಸಿ ಒಂದು ಮಾಡಬೇಕು. ಮಗಳದು 1 ಪಾಲು, ತಂದೆಯದು 4 ಪಾಲು, ಒಟ್ಟು 5 ಪಾಲು 50. ಈಗ ಹಿಂದಕ್ಕೆ ಹೋಗಬಹುದು: 50 ÷ 5 = 10. "ಒಂದು ಸಂಖ್ಯೆಯ ಐದರಷ್ಟು, ಅದೇ ಸಂಖ್ಯೆಗಿಂತ 36 ಹೆಚ್ಚು" ಅನ್ನುವುದೂ ಹಾಗೆ. 5 ಪಾಲಿಗೂ 1 ಪಾಲಿಗೂ ಇರುವ ವ್ಯತ್ಯಾಸ 4 ಪಾಲು, ಅದು 36, ಒಂದು ಪಾಲು 9. ಪ್ರಶ್ನೆಯಲ್ಲಿ "ಅದೇ ಸಂಖ್ಯೆ", "ಅದರದೇ", "ಇಬ್ಬರದೂ ಸೇರಿ" ಅನ್ನುವ ಮಾತು ಬಂದ ಕೂಡಲೇ ಅಜ್ಞಾತ ಎಷ್ಟು ಸಲ ಬಂದಿದೆ ಅಂತ ಎಣಿಸಿ.

ಇದರ ಪಕ್ಕದಲ್ಲೇ ಇನ್ನೊಂದು ಸಣ್ಣ ತಪ್ಪು ಇರುತ್ತದೆ. "ಮೂರು ಅನುಕ್ರಮ ಸಂಖ್ಯೆಗಳ ಮೊತ್ತ 72. ಅತಿ ದೊಡ್ಡ ಸಂಖ್ಯೆ ಯಾವುದು?" 72 ÷ 3 = 24 ಅಂತ ಬರೆದು ಮಗು ಆಟಕ್ಕೆ ಓಡಿರುತ್ತದೆ. 24 ನಡುವಿನದು. ಕೇಳಿದ್ದು 25. ಲೆಕ್ಕ ಪೂರ್ತಿ ಸರಿ, ಉತ್ತರ ಮಾತ್ರ ಬೇರೆ ಪ್ರಶ್ನೆಯದು. ಪ್ರಶ್ನೆಯ ಕೊನೆಯ ವಾಕ್ಯವನ್ನು ಉತ್ತರ ಬರೆಯುವ ಮುಂಚೆ ಇನ್ನೊಮ್ಮೆ ಓದಿಸಿ.

ಎಲ್ಲ ನೋಡಿದರೂ ಹೊಂದದಿದ್ದರೆ

ಕೆಲವೊಮ್ಮೆ ತಪ್ಪು ಮಗುವಿನದಲ್ಲ. ಗೈಡ್ ಅಥವಾ ಪ್ರಶ್ನೆಪತ್ರಿಕೆಯಲ್ಲೇ ಅಂಕಿ ಬದಲಾಗಿರುತ್ತದೆ. ಗುರುತು ಹೀಗೆ: ಮಕ್ಕಳ ಸಂಖ್ಯೆ, ಪುಸ್ತಕಗಳ ಸಂಖ್ಯೆ ಕೇಳಿದ್ದಾರೆ, ಉತ್ತರ 12.5 ಬರುತ್ತದೆ, ಆದರೆ ತಾಳೆ ನೋಡಿದರೆ ಕರಾರುವಾಕ್ಕಾಗಿ ಹೊಂದುತ್ತದೆ. ನಿಮ್ಮ ಲೆಕ್ಕ ಸರಿ, ಪ್ರಶ್ನೆಯ ಅಂಕಿ ಅನುಮಾನ. ಪುಸ್ತಕದ ಹಿಂದಿನ ಉತ್ತರವನ್ನೂ ಹೀಗೆ ಪ್ರಶ್ನೆಯಲ್ಲಿ ಹಾಕಿ ಮುಂದಕ್ಕೆ ಓಡಿಸಿ. ಅದು ಹೊಂದದೆ ನಿಮ್ಮದು ಹೊಂದಿದರೆ ನಿಮ್ಮದನ್ನೇ ಇಟ್ಟುಕೊಳ್ಳಿ. ಎರಡೂ ಹೊಂದಿದರೆ ಲೆಕ್ಕಕ್ಕೆ ಎರಡು ಉತ್ತರ ಇದೆ, ಎಲ್ಲೋ ವರ್ಗ ಮಾಡಿರಬೇಕು, ಹುಡುಕಿ. ಎರಡೂ ಹೊಂದದಿದ್ದರೆ ಮತ್ತೆ "ರಿಂದ" ಎಲ್ಲಿದೆ ಅಂತ ನೋಡಿ, ಆಮೇಲೆ ಎರಡೂ ತಾಳೆಗಳನ್ನು ಹಾಳೆಯಲ್ಲಿ ಬರೆದು ಮಗುವಿನ ಕೈಯಲ್ಲೇ ಟೀಚರ್‌ಗೆ ಕಳಿಸಿ.